ಬಾಡು ನೋಡಿ ಬಾಣಲೆ ಇಡು

ಮಗಳೇ,

ಭಾನುವಾರ ಆಫೀಸಿನ ಗೆಳೆಯರನ್ನು ಊಟಕ್ಕೆ ಕರೆದಿದ್ದೀಯ, ಚಿಲ್ಲಿ ಬೀಫ್ ಮಾಡಬೇಕು, ಅದಕ್ಕೆ ಈ ಚಳಿಗಾಲದ ತರಕಾರಿಯೂ ಬೀಳಬೇಕು, ಹೋಟೆಲಿನಲ್ಲಿ ನಾನು ಮಾಡುತ್ತಿದ್ದ ಹಾಗೇ ಬರಬೇಕು ಅಂದೆ. ಫೋನಿನಲ್ಲಿ ಹೇಳಿದರೆ ಅರ್ಧ ಮರೆಯುತ್ತೀಯ, ಮರೆತ ಅರ್ಧಕ್ಕೆ ಮೊಬೈಲಿನಲ್ಲಿ ಯಾವುದೋ ವಿಡಿಯೊ ಹುಡುಕುತ್ತೀಯ. ಅದಕ್ಕೇ ಬರೆದು ಕಳಿಸುತ್ತಿದ್ದೇನೆ. ಪೂರ್ತಿ ಓದು. ಅಳತೆ ಇರುವ ಸಾಲು ಮಾತ್ರ ಹೆಕ್ಕಿಕೊಂಡು ಉಳಿದದ್ದನ್ನು ಬಿಟ್ಟುಬಿಡಬೇಡ.

ಆ ವಿಡಿಯೊಗಳ ಮೇಲೆ ನನಗೆ ಸಿಟ್ಟೇನಿಲ್ಲ. ಆದರೆ ನೀನು ನನಗೆ ತೋರಿಸಿದವನ್ನು ಮಾಡಿದವರು ಬೇರೆ ದೇಶದಲ್ಲಿ ಕೂತವರು. ಅವರ ಕೈಯಲ್ಲಿರುವುದು ಎಳೆಯ ದನದ ಮಾಂಸ. ತೆಳ್ಳಗೆ ಸೀಳುತ್ತಾರೆ, ಕಾದ ಬಾಣಲೆಗೆ ಹಾಕುತ್ತಾರೆ, ಎರಡು ನಿಮಿಷಕ್ಕೆ ಇಳಿಸುತ್ತಾರೆ. ನೀನು ಶಿವಾಜಿನಗರದಿಂದ ತರುವ ಬಾಡಿಗೆ ಹಾಗೇ ಮಾಡಿದರೆ ಬಂದವರ ದವಡೆ ನೋಯುತ್ತದೆ. ನಮ್ಮ ರಾಜ್ಯದ 2020ರ ಕಾಯ್ದೆಯ ಪ್ರಕಾರ ಹಸು, ಕರು, ಹೋರಿ, ಎತ್ತು ಯಾವುದನ್ನೂ ಕಡಿಯುವಂತಿಲ್ಲ. ಎಮ್ಮೆ, ಕೋಣ ಕೂಡ 13 ವರ್ಷ ದಾಟಿರಬೇಕು. ಅಂದಮೇಲೆ ನ್ಯಾಯವಾಗಿ ನಡೆಯುವ ಅಂಗಡಿಯಲ್ಲಿ ನಿನಗೆ ಸಿಗುವುದು ವಯಸ್ಸಾದ ಎಮ್ಮೆಯದೇ. ದುಡಿದು ಬಿಗಿಯಾದ ಮೈ ಅದು. ಅದರ ನಾರು ದಪ್ಪ, ನಾರನ್ನು ಕಟ್ಟಿಹಿಡಿದ ಪೊರೆ ಇನ್ನೂ ಗಟ್ಟಿ. ಎರಡು ನಿಮಿಷದ ಉರಿಗೆ ಆ ಪೊರೆ ಕರಗುವುದಿಲ್ಲ, ಬರೀ ಸುರುಟಿಕೊಳ್ಳುತ್ತದೆ. ಹಾಗಾಗಿ ಯಾವ ಬಾಡು ಸಿಕ್ಕಿದೆ ಅಂತ ಮೊದಲು ನೋಡು. ಹೇಗೆ ಮಾಡುವುದು ಅನ್ನುವುದನ್ನು ಆಮೇಲೆ ತೀರ್ಮಾನಿಸು. ನಾನು ಹೇಳಬೇಕಾದ್ದರಲ್ಲಿ ಮುಖ್ಯವಾದದ್ದು ಇದೇ.

ಶನಿವಾರ ಬೆಳಿಗ್ಗೆ ಬೇಗ ಹೋಗು. ಭಾನುವಾರದ ನೂಕುನುಗ್ಗಲಿನಲ್ಲಿ ಅಂಗಡಿಯವನಿಗೆ ನಿನ್ನ ಮಾತು ಕೇಳಲು ಪುರಸೊತ್ತಿರುವುದಿಲ್ಲ. ಎಮ್ಮೆ ಬಾಡು ಕಡುಗೆಂಪಾಗಿರುತ್ತದೆ, ಕೊಬ್ಬು ಬೆಳ್ಳಗಿರುತ್ತದೆ. ಕಪ್ಪಗಿದೆ ಅಂತ ಹೆದರಬೇಡ, ಅದರ ಬಣ್ಣವೇ ಅದು. ಮುಟ್ಟಿದರೆ ಅಂಟಂಟು ಅನ್ನಿಸಬಾರದು, ಹುಳಿ ವಾಸನೆ ಬರಬಾರದು, ಅಷ್ಟೇ. ಬೆನ್ನೆಲುಬಿನ ಒಳಮಗ್ಗುಲಲ್ಲಿ ಉದ್ದಕ್ಕೆ ಒಂದು ತುಂಡು ಬರುತ್ತದೆ, ಅದನ್ನು ಅಂಡರ್‌ಕಟ್ ಅನ್ನುತ್ತಾರೆ. ಪ್ರಾಣಿ ಬದುಕಿದ್ದಷ್ಟು ಕಾಲ ಆ ಸ್ನಾಯುವಿಗೆ ಕೆಲಸ ಕಡಿಮೆ, ಅದಕ್ಕೇ ಮುದಿ ಎಮ್ಮೆಯಲ್ಲೂ ಅದು ಮೆತ್ತಗಿರುತ್ತದೆ. ಹೋಟೆಲಿನವರು ಬೆಳಕು ಹರಿಯುವ ಮುಂಚೆಯೇ ಬಂದು ಅದನ್ನು ಎತ್ತಿಕೊಂಡು ಹೋಗಿರುತ್ತಾರೆ, ಆದರೂ ಕೇಳು. ಸಿಕ್ಕರೆ ಒಂದು ಕೆಲಸ, ಸಿಗದಿದ್ದರೆ ಇನ್ನೊಂದು. ಸಿಗದಿದ್ದರೆ ತೊಡೆಯ ಭಾಗದ ಮೂಳೆಯಿಲ್ಲದ ಒಂದೇ ದೊಡ್ಡ ತುಂಡು ತಗೋ. ‘ಪೀಸ್ ಮಾಡ್ಲಾ?’ ಅಂತ ಕೇಳುತ್ತಾನೆ. ಬೇಡ ಅನ್ನು. ಅವನ ಮಚ್ಚಿಗೆ ಗೊತ್ತಿರುವುದು ಸಾರಿನ ತುಂಡು. ನಿನಗೆ ಬೇಕಾದ್ದು ಬೇರೆ, ಅದನ್ನು ನೀನೇ ಕೊಯ್ಯಬೇಕು.

ಅಂಡರ್‌ಕಟ್ ಸಿಕ್ಕಿತು ಅಂತಿಟ್ಟುಕೋ. ಫ್ರೀಜರಿನಲ್ಲಿ ಮುಕ್ಕಾಲು ಗಂಟೆ ಇಡು. ಪೂರ್ತಿ ಹೆಪ್ಪುಗಟ್ಟಬಾರದು, ಚಾಕು ಜಾರದಷ್ಟು ಬಿಗಿಯಾದರೆ ಸಾಕು. ಆಮೇಲೆ ನಾರು ಯಾವ ಕಡೆಗೆ ಓಡಿದೆ ಅಂತ ಬೆಳಕಿಗೆ ಹಿಡಿದು ನೋಡಿ, ಅದಕ್ಕೆ ಅಡ್ಡವಾಗಿ, ಕಾಲು ಸೆಂಟಿಮೀಟರ್ ದಪ್ಪಕ್ಕೆ ಕೊಯ್ಯಿ. ಉದ್ದಕ್ಕೆ ಕೊಯ್ದರೆ ಬಾಯಲ್ಲಿ ಇಡೀ ನಾರು ಸಿಗುತ್ತದೆ. ಅಡ್ಡ ಕೊಯ್ದರೆ ಹಲ್ಲಿನ ಕೆಲಸವನ್ನು ಚಾಕು ಮುಂಚೆಯೇ ಮಾಡಿ ಮುಗಿಸಿರುತ್ತದೆ. ಅರ್ಧ ಕೆಜಿಗೆ ಅರ್ಧ ಚಮಚ ಅಡುಗೆ ಸೋಡಾವನ್ನು ಸ್ವಲ್ಪ ನೀರಿನಲ್ಲಿ ಕಲಸಿ ಸವರಿ, ಇಪ್ಪತ್ತು ನಿಮಿಷ ಬಿಡು. ಸೋಡಾ ಬಾಡಿನ ಮೇಲ್ಮೈಯ ಹುಳಿ ತಗ್ಗಿಸುತ್ತದೆ, ಆಗ ಉರಿ ತಗುಲಿದರೂ ನಾರು ಗಟ್ಟಿಯಾಗಿ ಹಿಂಡಿಕೊಳ್ಳುವುದಿಲ್ಲ, ಒಳಗಿನ ರಸ ಒಳಗೇ ಉಳಿಯುತ್ತದೆ. ಇಪ್ಪತ್ತು ನಿಮಿಷವಾದ ಮೇಲೆ ತಣ್ಣೀರಿನಲ್ಲಿ ಚೆನ್ನಾಗಿ ತೊಳೆದು, ಬಟ್ಟೆಯಲ್ಲಿ ಒತ್ತಿ ಒಣಗಿಸು. ತೊಳೆಯದೆ ಬಿಟ್ಟರೆ ಸೋಪಿನ ರುಚಿ ಬರುತ್ತದೆ. ಆಮೇಲೆ ಒಂದು ದೊಡ್ಡ ಚಮಚ ಸೋಯಾ ಸಾಸ್, ಕಾಳುಮೆಣಸಿನ ಪುಡಿ, ಒಂದು ಮೊಟ್ಟೆಯ ಬಿಳಿ, ಒಂದು ದೊಡ್ಡ ಚಮಚ ಕಾರ್ನ್‌ಫ್ಲೋರ್, ಕೊನೆಗೆ ಒಂದು ಚಮಚ ಎಣ್ಣೆ. ಕೈಯಲ್ಲೇ ಕಲಸು. ಎಣ್ಣೆ ಯಾಕೆ ಅಂದರೆ, ಬಾಣಲೆಗೆ ಬಿದ್ದಾಗ ತುಂಡುಗಳು ಒಂದಕ್ಕೊಂದು ಅಂಟದೆ ಬಿಡಿಬಿಡಿಯಾಗಲಿ ಅಂತ.

ತೊಡೆಯ ಬಾಡಾದರೆ ಈ ಸೋಡಾ, ಮೊಟ್ಟೆ ಯಾವುದೂ ಸಾಕಾಗುವುದಿಲ್ಲ. ಪಪ್ಪಾಯಿಕಾಯಿ ಅರೆದು ಹಚ್ಚು ಅಂತ ನಿಮ್ಮಮ್ಮ ಹೇಳುತ್ತಾಳೆ. ಕಬಾಬಿಗೆ ಅದು ಒಳ್ಳೆಯದು, ಆದರೆ ಸ್ವಲ್ಪ ಹೊತ್ತು ಹೆಚ್ಚಾದರೆ ತೆಳ್ಳನೆ ತುಂಡಿನ ಹೊರಮೈ ಹಿಟ್ಟುಹಿಟ್ಟಾಗುತ್ತದೆ, ನಡುವೆ ಮಾತ್ರ ಹಾಗೇ ಗಟ್ಟಿ. ನಿನಗೆ ಕುಕ್ಕರೇ ಗತಿ. ನಾಚಿಕೆ ಪಡಬೇಡ, ನಮ್ಮ ಕಡೆ ಚಿಲ್ಲಿ ಬೀಫ್ ಮಾಡುವ ಎಷ್ಟೋ ಹೋಟೆಲುಗಳಲ್ಲಿ ಬೆಳಿಗ್ಗೆ ಎದ್ದ ಕೂಡಲೇ ನಡೆಯುವ ಕೆಲಸ ಇದು. ಅದಕ್ಕೆ ‘ಬಾಯ್ಲ್ ಹಾಕೋದು’ ಅನ್ನುತ್ತಿದ್ದೆವು. ತುಂಡನ್ನು ಅಂಗೈ ಅಗಲಕ್ಕೆ ಮೂರೋ ನಾಲ್ಕೋ ಭಾಗ ಮಾಡು. ಜಜ್ಜಿದ ಶುಂಠಿ, ಹತ್ತು ಹನ್ನೆರಡು ಕಾಳುಮೆಣಸು, ಸ್ವಲ್ಪವೇ ಉಪ್ಪು, ಒಂದು ಲೋಟ ನೀರು. ಮೊದಲ ಕೂಗು ಬಂದಮೇಲೆ ಉರಿ ತಗ್ಗಿಸಿ ಇಪ್ಪತ್ತೈದು ನಿಮಿಷ ಬಿಡು. ಕೂಗು ಎಣಿಸಬೇಡ, ಒಂದೊಂದು ಕುಕ್ಕರಿನ ಕೂಗು ಒಂದೊಂದು ಥರ. ಮುಚ್ಚಳ ತೆಗೆದು ಫೋರ್ಕಿನಲ್ಲಿ ಚುಚ್ಚಿ ನೋಡು. ಸ್ವಲ್ಪ ತಡೆದು ಒಳಗೆ ಹೋದರೆ ಅದೇ ಹದ. ಸಲೀಸಾಗಿ ಇಳಿದರೆ ಜಾಸ್ತಿಯಾಯಿತು ಅಂತ ಅರ್ಥ, ಬಾಣಲೆಯಲ್ಲಿ ಎಳೆಎಳೆಯಾಗಿ ಬಿಚ್ಚಿಹೋಗುತ್ತದೆ. ಹೋಗುವುದೇ ಇಲ್ಲ ಅಂದರೆ ಇನ್ನೂ ಹತ್ತು ನಿಮಿಷ.

ಬೆಂದ ತಕ್ಷಣ ಕೊಯ್ಯಲು ಹೋಗಬೇಡ. ಅದರ ರಸದಲ್ಲೇ ಆರಲು ಬಿಡು. ಬಿಸಿಯಲ್ಲಿ ಹೊರಗೆ ತೆಗೆದರೆ ಆವಿಯ ಜೊತೆ ನೀರೂ ಹೋಗಿ ಬಾಡು ಒಣಕಲಾಗುತ್ತದೆ, ಚಾಕು ಇಟ್ಟರೆ ಪುಡಿಯಾಗುತ್ತದೆ. ಶನಿವಾರ ಸಂಜೆಯೇ ಬೇಯಿಸಿ, ಆರಿದ ಮೇಲೆ ರಸದ ಸಮೇತ ಫ್ರಿಜ್ಜಿನಲ್ಲಿಟ್ಟರೆ ಭಾನುವಾರ ನಿನಗೆ ಬೇಕಾದ ಆಕಾರಕ್ಕೆ ಕೊಯ್ಯಬಹುದು. ಇಲ್ಲೂ ನಾರಿಗೆ ಅಡ್ಡವಾಗಿಯೇ, ಬೆರಳುದ್ದದ ಪಟ್ಟಿಗಳಾಗಿ. ಆ ಪಟ್ಟಿಗಳಿಗೆ ಎರಡು ದೊಡ್ಡ ಚಮಚ ಕಾರ್ನ್‌ಫ್ಲೋರ್, ಒಂದು ಚಮಚ ಸೋಯಾ, ಮೆಣಸಿನ ಪುಡಿ ಹಾಕಿ ಒಣಒಣವಾಗಿ ಹೊರಳಿಸಿ, ಕಾದ ಎಣ್ಣೆಯಲ್ಲಿ ಒಂದು ನಿಮಿಷ ಕರಿದು ತೆಗೆ. ಹೊರಗೆ ಗರಿ, ಒಳಗೆ ಮೆತ್ತಗೆ. ನಿನಗೆ ಹೋಟೆಲಿನಲ್ಲಿ ಇಷ್ಟವಾಗುತ್ತಿದ್ದದ್ದು ಇದೇ. ಅಂಡರ್‌ಕಟ್‌ಗಿಂತ ಇದೇ ನನಗೂ ಇಷ್ಟ, ನಿಜ ಹೇಳಬೇಕೆಂದರೆ. ದುಡಿದ ಸ್ನಾಯುವಿನಲ್ಲಿ ರುಚಿ ಜಾಸ್ತಿ.

ಊಟಕ್ಕೆ ಕೂತವರಲ್ಲಿ ಯಾರಾದರೂ ಒಬ್ಬರು ‘ಇದು ಅಸಲಿ ಚೈನೀಸೇ ಅಲ್ಲ’ ಅಂತ ತಗಾದೆ ತೆಗೆದೇ ತೆಗೆಯುತ್ತಾರೆ. ಅವರಿಗೆ ಹೇಳಲು ನಿನ್ನ ಹತ್ತಿರ ಉತ್ತರ ಇರಲಿ. ಚೀನೀಯರು ಕಲ್ಕತ್ತದ ಕಡೆಗೆ ಬಂದು ನೆಲೆಸಿದ್ದು 18ನೇ ಶತಮಾನದ ಕೊನೆಯಲ್ಲಿ, ವಾರನ್ ಹೇಸ್ಟಿಂಗ್ಸ್ ಕಾಲದಲ್ಲಿ. ಟಾಂಗ್ ಅಚ್ಯೂ ಅನ್ನುವವನು ಬಜ್‌ಬಜ್ ಹತ್ತಿರ ಸಕ್ಕರೆ ಕಾರ್ಖಾನೆ ಹಾಕಿದ, ಅವನ ಹೆಸರಿನಿಂದಲೇ ಆ ಜಾಗ ಇವತ್ತಿಗೂ ಅಚಿಪುರ. ಆಮೇಲೆ ಬಂದವರಲ್ಲಿ ಹಕ್ಕಾ ಜನ ಚರ್ಮದ ಕೆಲಸ ಹಿಡಿದರು. ತಂಗ್ರಾದಲ್ಲಿ ಚರ್ಮ ಹದ ಮಾಡುವ ಕಾರ್ಖಾನೆಗಳು, ಬೆಂಟಿಂಕ್ ಸ್ಟ್ರೀಟಿನಲ್ಲಿ ಜೋಡಿನ ಅಂಗಡಿಗಳು. ಮೇಲುಜಾತಿಯವರು ಮುಟ್ಟದ ಕೆಲಸ, ಹಾಗಾಗಿ ಪೈಪೋಟಿ ಕಡಿಮೆ. ಚರ್ಮ ಮುಟ್ಟಿದವರನ್ನು ದೂರ ಇಟ್ಟ ಊರುಗಳಲ್ಲಿ ಹುಟ್ಟಿದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

1962ರ ಯುದ್ಧ ಬಂದಾಗ ಇಲ್ಲೇ ನೆಲೆಸಿದ್ದ ಮೂರು ಸಾವಿರದಷ್ಟು ಚೀನೀ ಮೂಲದವರನ್ನು ರಾಜಸ್ಥಾನದ ದೇವಳಿಯ ಶಿಬಿರದಲ್ಲಿ ಕೂಡಿಹಾಕಿದರು. ಬಿಡುಗಡೆಯಾದ ಎಷ್ಟೋ ಜನ ಮುಂದೆ ದೇಶವನ್ನೇ ಬಿಟ್ಟರು. ಹಾಗೆ ಹೋದವರಲ್ಲಿ ಹಲವರು ಸೇರಿದ್ದು ಕೆನಡಾದ ಟೊರಾಂಟೊ. ಅಲ್ಲಿ ಇವತ್ತು ‘ಹಕ್ಕಾ’ ಅಂತ ಬೋರ್ಡು ಹಾಕಿದ ಹೋಟೆಲಿಗೆ ಹೋದರೆ ನಮ್ಮ ಈ ಚಿಲ್ಲಿ ಚಿಕನ್, ಚಿಲ್ಲಿ ಬೀಫೇ ಸಿಗುವುದು. ಇಲ್ಲಿ ತಂಗ್ರಾದ ಚರ್ಮದ ಕಾರ್ಖಾನೆಗಳನ್ನು ಊರಾಚೆ ಬಂತಲಾಕ್ಕೆ ಸಾಗಿಸಬೇಕು ಅಂತ ಸುಪ್ರೀಂ ಕೋರ್ಟ್ 1996ರಲ್ಲಿ ಹೇಳಿತು. ಅಷ್ಟರಲ್ಲಾಗಲೇ ಅಲ್ಲಿ ಊಟದ ವ್ಯಾಪಾರ ಬೇರು ಬಿಟ್ಟಿತ್ತು, ಆಮೇಲೆ ಅದೇ ಮುಖ್ಯವಾಯಿತು. ಬೊಂಬಾಯಿಯಲ್ಲಿ ನೆಲ್ಸನ್ ವಾಂಗ್ ಅನ್ನುವ ಕಲ್ಕತ್ತದ ಚೀನೀ ಬಾಣಸಿಗ 1975ರಲ್ಲಿ ಕ್ರಿಕೆಟ್ ಕ್ಲಬ್ಬಿನ ಅಡುಗೆಮನೆಯಲ್ಲಿ ಶುಂಠಿ, ಬೆಳ್ಳುಳ್ಳಿ, ಹಸಿಮೆಣಸಿನಕಾಯಿ ಬಾಡಿಸಿ, ಗರಂ ಮಸಾಲೆಯ ಬದಲು ಸೋಯಾ ಸಾಸ್, ಕಾರ್ನ್‌ಫ್ಲೋರ್ ಹಾಕಿ ಚಿಕನ್ ಮಂಚೂರಿಯನ್ ಮಾಡಿದ ಅಂತ ಹೇಳುತ್ತಾರೆ. ನಮ್ಮ ತಾಲ್ಲೂಕು ಕೇಂದ್ರದ ಬಸ್‌ಸ್ಟ್ಯಾಂಡಿನ ಗೋಬಿ ಗಾಡಿಯವರೆಗೂ ಬಂದದ್ದು ಆ ಸೂತ್ರವೇ. ಇಷ್ಟು ಹೇಳಿದರೆ ತಗಾದೆಯವರು ಸುಮ್ಮನಾಗುತ್ತಾರೆ. ಆಗದಿದ್ದರೂ ತಿನ್ನುತ್ತಾರೆ.

ಆ ಸೂತ್ರದಲ್ಲಿ ಒಂದು ಮಾತು ನೆನಪಿಟ್ಟುಕೋ: ಗರಂ ಮಸಾಲೆ ಇಲ್ಲ. ಧನಿಯಾ ಪುಡಿ, ಅರಿಸಿನವೂ ಇಲ್ಲ. ಕೈ ತುರಿಸುತ್ತದೆ, ನನಗೆ ಗೊತ್ತು. ತಡೆದುಕೋ. ಕರಿಬೇವು ಮಾತ್ರ ಹಾಕಿದರೆ ನಾನು ಬೇಡ ಅನ್ನುವುದಿಲ್ಲ, ಎಮ್ಮೆ ಬಾಡಿಗೂ ಕರಿಬೇವಿಗೂ ಚೆನ್ನಾಗಿ ಹೊಂದುತ್ತದೆ. ನನಗೆ ಕಲಿಸಿದ ಚೈನೀಸ್ ಮಾಸ್ಟರ್ ಡಾರ್ಜಿಲಿಂಗ್ ಕಡೆಯವರು, ಕರಿಬೇವು ಕಂಡರೆ ಬೈಯುತ್ತಿದ್ದರು. ಅವರು ರಜೆಗೆ ಊರಿಗೆ ಹೋದಾಗ ನಾವು ಹಾಕುತ್ತಿದ್ದೆವು. ಗಿರಾಕಿಗಳು ಮತ್ತೆ ಅದನ್ನೇ ಕೇಳುತ್ತಿದ್ದರು.

ಇನ್ನು ತರಕಾರಿ. ಇದು ಮಾಗಿಯ ಕಾಲ, ನಮ್ಮ ಮಾಲೂರು, ಚಿಕ್ಕಬಳ್ಳಾಪುರದ ಕಡೆಯಿಂದ ಹೂಕೋಸು, ಕೋಸು, ಬೀನ್ಸ್ ಒಳ್ಳೆಯ ಮಾಲು ಬರುವ ಹೊತ್ತು. ಚಳಿಗೆ ಬೆಳೆದ ಹೂಕೋಸು ಬಿಗಿಯಾಗಿ, ಬೆಳ್ಳಗೆ, ಸಿಹಿಯಾಗಿರುತ್ತದೆ. ಬೇಸಿಗೆಯದಕ್ಕೆ ಆ ರುಚಿ ಇಲ್ಲ. ಹಸಿ ಬಟಾಣಿಗೂ ಇದೇ ಕಾಲ. ನವಿಲುಕೋಸನ್ನು ಯಾರೂ ಈ ಅಡುಗೆಗೆ ಹಾಕುವುದಿಲ್ಲ, ಯಾಕೋ ತಿಳಿಯದು. ಸಿಪ್ಪೆ ತೆಗೆದು ಕಡ್ಡಿ ಕಡ್ಡಿಯಾಗಿ ಹೆಚ್ಚಿ ಹಾಕಿದರೆ ಕರುಂ ಕುರುಂ ಅನ್ನುತ್ತದೆ, ಸೋಯಾದ ಉಪ್ಪನ್ನು ಎಷ್ಟು ಬೇಕೋ ಅಷ್ಟೇ ಹೀರುತ್ತದೆ. ನನ್ನ ಮಾತು ಕೇಳಿ ಒಮ್ಮೆ ಹಾಕಿ ನೋಡು. ಉತ್ತರದಿಂದ ಬರುವ ಕೆಂಪು ಕ್ಯಾರೆಟ್ ಹಲ್ವಕ್ಕಿರಲಿ, ಇದಕ್ಕೆ ಊಟಿ ಕ್ಯಾರೆಟ್ಟೇ ಸರಿ. ಮೂಲಂಗಿ ಬೇಡ, ಬಾಣಲೆಯ ಬಿಸಿಗೆ ಅದರ ವಾಸನೆ ಎದ್ದು ಮನೆಯೆಲ್ಲ ತುಂಬುತ್ತದೆ.

ಅವರೆಕಾಯಿ ಹಾಕಬಹುದಾ ಅಂತ ಕೇಳಿದೆಯಲ್ಲ, ನಾನು ಅವತ್ತು ನಕ್ಕುಬಿಟ್ಟೆ. ಆಮೇಲೆ ಯೋಚಿಸಿದೆ. ಹಾಕಬಹುದು. ಹಿತಕಿದ ಬೇಳೆಯನ್ನು ಉಪ್ಪು ನೀರಿನಲ್ಲಿ ಪೂರ್ತಿ ಬೇಯಿಸಿ, ಬಸಿದು, ಒಣಗಿಸಿಟ್ಟುಕೊಂಡು ಕೊನೆಯಲ್ಲಿ ಒಂದು ಹಿಡಿ ಹಾಕು. ಅರೆಬೆಂದ ಅವರೆ ಹೊಟ್ಟೆಗೆ ಒಳ್ಳೆಯದಲ್ಲ, ಬಾಣಲೆಯಲ್ಲಿ ಬೇಯುತ್ತದೆ ಅಂತ ನಂಬಿಕೊಂಡು ಹಸಿಯಾಗಿ ಹಾಕಬೇಡ. ಇಬ್ಬನಿ ಬಿದ್ದ ಸೊಗಡಿನ ಅವರೆ, ಬೆಳ್ಳುಳ್ಳಿ, ಸೋಯಾ, ಎಮ್ಮೆ ಬಾಡು. ನೆನೆಸಿಕೊಂಡರೇ ಚೆನ್ನಾಗಿದೆ. ಕಾಯಿ ನಾನೇ ನಿಮ್ಮಪ್ಪನ ಕೈಲಿ ಕಳಿಸುತ್ತೇನೆ, ನಗರದಲ್ಲಿ ಬಿಡಿಸಿದ ಕಾಳು ಕೊಳ್ಳಬೇಡ.

ತರಕಾರಿಯ ವಿಷಯದಲ್ಲಿ ನಿನ್ನ ಶತ್ರು ನೀರು. ಹೂಕೋಸಿನ ಹುಳ ಬಿಡಿಸಲು ಬೆಚ್ಚಗಿನ ಉಪ್ಪುನೀರಿನಲ್ಲಿ ಹಾಕುತ್ತೀಯ, ಸರಿ. ಆದರೆ ಆಮೇಲೆ ಹಾಗೇ ಬಾಣಲೆಗೆ ಸುರಿದರೆ ಆ ನೀರೆಲ್ಲ ಆವಿಯಾಗುವ ತನಕ ತರಕಾರಿ ಹುರಿಯುವುದೇ ಇಲ್ಲ, ಬೇಯುತ್ತದೆ. ಕೊನೆಗೆ ಪಲ್ಯವಾಗುತ್ತದೆ. ಹೂಕೋಸು, ಕ್ಯಾರೆಟ್, ಬೀನ್ಸ್, ಬಟಾಣಿಯನ್ನು ಕುದಿಯುವ ಉಪ್ಪುನೀರಿಗೆ ಹಾಕಿ ಒಂದೂವರೆ ನಿಮಿಷಕ್ಕೆ ತೆಗೆದು, ತಣ್ಣೀರಿಗೆ ಅದ್ದಿ, ಹಳೆಯ ಕಾಟನ್ ಪಂಚೆಯ ಮೇಲೆ ಹರಡು. ಅರ್ಧ ಗಂಟೆ ಫ್ಯಾನ್ ಗಾಳಿಗೆ ಬಿಡು. ಕೋಸು, ನವಿಲುಕೋಸು, ದಪ್ಪ ಮೆಣಸಿನಕಾಯಿ, ಈರುಳ್ಳಿ ಹಸಿಯಾಗೇ ಇರಲಿ. ಎಲ್ಲವೂ ಸುಮಾರು ಒಂದೇ ಗಾತ್ರಕ್ಕಿರಲಿ, ಅಂದಕ್ಕಲ್ಲ, ಒಂದೇ ಹೊತ್ತಿಗೆ ಬೇಯಲಿ ಅಂತ. ಅರ್ಧ ಕೆಜಿ ಬಾಡಿಗೆ ಎಲ್ಲ ತರಕಾರಿ ಸೇರಿ ಮುಕ್ಕಾಲು ಕೆಜಿ ದಾಟಬಾರದು. ತರಕಾರಿ ಹೆಚ್ಚುವ ಮಣೆ, ಚಾಕು ಬೇರೆ ಇರಲಿ, ಹಸಿ ಬಾಡಿನದು ಬೇರೆ.

ಬಣ್ಣದ ವಿಚಾರಕ್ಕೆ ಬರೋಣ. ಹೋಟೆಲಿನ ಚಿಲ್ಲಿ ಬೀಫ್ ಕೆಂಪಗೆ ಹೊಳೆಯುತ್ತಿತ್ತಲ್ಲ, ಅದು ನಿನಗೆ ಬೇಕು. 2024ರ ಮಾರ್ಚ್‌ನಲ್ಲಿ ನಮ್ಮ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಹಾಕಬಾರದು ಅಂತ ಆದೇಶ ಹೊರಡಿಸಿದಾಗ ಗಾಡಿಯವರೆಲ್ಲ ತಲೆ ಮೇಲೆ ಕೈ ಹೊತ್ತು ಕೂತಿದ್ದರು. ನನಗೆ ನಗು ಬಂದಿತ್ತು. ಹಾವೇರಿ ಜಿಲ್ಲೆಯ ಬ್ಯಾಡಗಿ ಮೆಣಸಿನಕಾಯಿ ಇರುವ ನಾಡಿನಲ್ಲಿ ಡಬ್ಬದ ಬಣ್ಣಕ್ಕೆ ಅಳುವುದೇ? ಸುಕ್ಕುಸುಕ್ಕಾದ, ಉದ್ದನೆಯ ಕಡ್ಡಿ ಬ್ಯಾಡಗಿ, ಖಾರ ಕಡಿಮೆ, ಬಣ್ಣ ಧಾರಾಳ. 2011ರಲ್ಲಿ ಅದಕ್ಕೆ ಭೌಗೋಳಿಕ ಗುರುತೂ ಸಿಕ್ಕಿದೆ. ಅದರ ಬಣ್ಣ ತೆಗೆದು ಲಿಪ್‌ಸ್ಟಿಕ್ಕಿಗೂ ಬಳಸುತ್ತಾರಂತೆ, ನೀನು ತುಟಿಗೆ ಹಚ್ಚಿಕೊಳ್ಳುವುದು ಅದೇ ಇರಬಹುದು, ಯಾರಿಗೆ ಗೊತ್ತು.

ಹನ್ನೆರಡು ಬ್ಯಾಡಗಿ ತಗೊಂಡು ಬೀಜ ಉದುರಿಸು, ಬಿಸಿನೀರಿನಲ್ಲಿ ಅರ್ಧ ಗಂಟೆ ನೆನೆಸು, ಎಂಟು ಎಸಳು ಬೆಳ್ಳುಳ್ಳಿ ಸೇರಿಸಿ ನುಣ್ಣಗೆ ಅರೆ. ಖಾರ ಬೇಕಿದ್ದರೆ ಎರಡು ಗುಂಟೂರು ಸೇರಿಸು, ಹೆಚ್ಚು ಬೇಡ. ಈ ಅರಪನ್ನು ಹಸಿಯಾಗಿ ಬಾಣಲೆಗೆ ಹಾಕಿದರೆ ಹಸಿವಾಸನೆ ಉಳಿಯುತ್ತದೆ. ಮುಂಚೆಯೇ ಮೂರು ಚಮಚ ಎಣ್ಣೆಯಲ್ಲಿ ಸಣ್ಣ ಉರಿಯ ಮೇಲೆ, ಎಣ್ಣೆ ಅಂಚಿಗೆ ಬಿಡುವ ತನಕ ಬಾಡಿಸಿ, ಒಂದು ಚಮಚ ವಿನೆಗರ್, ಚಿಟಿಕೆ ಸಕ್ಕರೆ ಹಾಕಿ ಬಾಟಲಿಗೆ ತುಂಬಿಡು. ಫ್ರಿಜ್ಜಿನಲ್ಲಿ ವಾರ ಇರುತ್ತದೆ. ಅಂಗಡಿಯ ಶೆಜ್ವಾನ್ ಚಟ್ನಿ ಆಮೇಲೆ ನಿನಗೆ ರುಚಿಸುವುದಿಲ್ಲ.

ಅಜಿನೊಮೊಟೊ ಹಾಕಲಾ ಬೇಡವಾ ಅಂತ ಕೇಳುತ್ತೀಯ. ಜಪಾನಿನ ಇಕೆಡಾ ಅನ್ನುವ ವಿಜ್ಞಾನಿ 1908ರಲ್ಲಿ ಕಡಲಪಾಚಿಯಿಂದ ಬೇರ್ಪಡಿಸಿದ ಪದಾರ್ಥ ಅದು. ಟೊಮ್ಯಾಟೊದಲ್ಲೂ ಬೆಂದ ಬಾಡಿನಲ್ಲೂ ಆ ರುಚಿ ತಾನಾಗಿ ಇದ್ದೇ ಇದೆ. ಜನ ಹೆದರುವಷ್ಟು ಅದರಲ್ಲಿ ಏನೂ ಇಲ್ಲ. ಆದರೆ ಕುಕ್ಕರಿನ ರಸ ಕೈಯಲ್ಲಿರುವಾಗ ನಿನಗದು ಬೇಕಾಗುವುದಿಲ್ಲ.

ಭಾನುವಾರ ಒಲೆ ಹಚ್ಚುವ ಮುಂಚೆ ಎಲ್ಲವೂ ಬಟ್ಟಲುಗಳಲ್ಲಿ ಕಣ್ಣೆದುರಿಗೆ ಇರಬೇಕು. ಒಂದರಲ್ಲಿ ಸಣ್ಣಗೆ ಹೆಚ್ಚಿದ ಶುಂಠಿ, ಬೆಳ್ಳುಳ್ಳಿ, ಸೀಳಿದ ಹಸಿಮೆಣಸಿನಕಾಯಿ. ಹೆಚ್ಚಿದ್ದು ಅಂದೆ, ಪೇಸ್ಟ್ ಅಲ್ಲ. ಪೇಸ್ಟು ಕಾದ ಬಾಣಲೆಗೆ ತಗುಲಿದ ಕ್ಷಣಕ್ಕೆ ತಳ ಹಿಡಿದು ಕಹಿಯಾಗುತ್ತದೆ. ಇನ್ನೊಂದರಲ್ಲಿ ಸಾಸು: ಎರಡು ದೊಡ್ಡ ಚಮಚ ಸೋಯಾ, ಎರಡು ದೊಡ್ಡ ಚಮಚ ಬ್ಯಾಡಗಿ ಅರಪು, ಒಂದು ಚಮಚ ಟೊಮ್ಯಾಟೊ ಕೆಚಪ್, ಅರ್ಧ ಲೋಟ ಕುಕ್ಕರಿನ ರಸ. ಅಂಡರ್‌ಕಟ್ ಆದರೆ ರಸದ ಬದಲು ಬಿಸಿನೀರು. ಮತ್ತೊಂದರಲ್ಲಿ ಎರಡು ಚಮಚ ಕಾರ್ನ್‌ಫ್ಲೋರ್, ಮೂರು ದೊಡ್ಡ ಚಮಚ ತಣ್ಣೀರಿನಲ್ಲಿ ಕಲಸಿದ್ದು. ವಿನೆಗರ್ ಬೇರೆ ಇರಲಿ. ಈರುಳ್ಳಿ ಸೊಪ್ಪು ಹೆಚ್ಚಿಟ್ಟಿರು. ಒಲೆ ಹಚ್ಚಿದ ಮೇಲೆ ನಿನಗೆ ಸಿಗುವುದು ಐದು ನಿಮಿಷ, ಅದರಲ್ಲಿ ಡಬ್ಬಿ ಹುಡುಕಲು ಸಮಯವಿಲ್ಲ.

ಹೋಟೆಲಿನ ಭಟ್ಟಿಯ ಉರಿ ನಿನ್ನ ಮನೆಯ ಗ್ಯಾಸಿಗೆ ಬರುವುದಿಲ್ಲ. ಎರಡು ಬದಲಾವಣೆ ಮಾಡಿಕೊಂಡರೆ ಸಾಲದೆ ಬಂದ ಉರಿಯನ್ನು ಸರಿದೂಗಿಸಬಹುದು. ಒಂದು, ಕಬ್ಬಿಣದ ಬಾಣಲೆ. ಅಜ್ಜಿಯದು ಅಟ್ಟದ ಮೇಲಿದೆಯಲ್ಲ, ಇಳಿಸಿಕೊ. ನಾನ್‌ಸ್ಟಿಕ್ ಪಾತ್ರೆಯನ್ನು ಖಾಲಿಯಾಗಿ ಅಷ್ಟು ಕಾಯಿಸಬಾರದು, ಅದರ ಲೇಪನ ಕೆಡುತ್ತದೆ. ಕಬ್ಬಿಣದ್ದು ಕಾಯಲು ಹೊತ್ತು ತಗೊಳ್ಳುತ್ತದೆ, ಆದರೆ ಕಾದ ಮೇಲೆ ಬಿಸಿ ಹಿಡಿದುಕೊಳ್ಳುತ್ತದೆ. ಹೊಗೆಯಾಡುವ ತನಕ ಕಾಯಿಸಿ ಆಮೇಲೆ ಎಣ್ಣೆ ಹಾಕು, ಕಡಲೆಕಾಯಿ ಎಣ್ಣೆಯೇ ಆಗಲಿ. ಎರಡು, ಒಂದೇ ಸಲಕ್ಕೆ ಎಲ್ಲವನ್ನೂ ಸುರಿಯಬೇಡ. ಒಂದು ಕೆಜಿ ಬಾಡನ್ನು ಒಟ್ಟಿಗೆ ಹಾಕಿದರೆ ಬಾಣಲೆ ತಣ್ಣಗಾಗಿ ಬಾಡು ನೀರು ಬಿಡುತ್ತದೆ. ಮೇಲಿನ ಅಳತೆ ಅರ್ಧ ಕೆಜಿಗೆ. ಆರು ಜನಕ್ಕೆ ಎರಡು ಸಲ ಮಾಡು. ಬೇಸರವಾದರೂ ಸರಿ.

ಮೊದಲು ಬಾಡು. ಅಂಡರ್‌ಕಟ್ ಆದರೆ ಹರಡಿ ಹಾಕಿ ಮುಕ್ಕಾಲು ನಿಮಿಷ ಮುಟ್ಟದೆ ಬಿಡು, ತಳ ಕೆಂಪಗಾಗಲಿ, ಆಮೇಲೆ ಮಗುಚಿ ಒಂದು ನಿಮಿಷಕ್ಕೆ ತೆಗೆದಿಡು. ತೊಡೆಯದಾದರೆ ಆಗಲೇ ಕರಿದಿಟ್ಟಿರುತ್ತೀಯ. ಅದೇ ಬಾಣಲೆಗೆ ಇನ್ನೊಂದಿಷ್ಟು ಎಣ್ಣೆ ಹಾಕಿ, ಮೊದಲು ಹೂಕೋಸು, ಕ್ಯಾರೆಟ್, ಬೀನ್ಸ್, ಬಟಾಣಿ. ಒಂದು ನಿಮಿಷ, ಅಲ್ಲಲ್ಲಿ ಕಂದುಬಣ್ಣದ ಚುಕ್ಕೆ ಕಾಣುವ ತನಕ. ನವಿಲುಕೋಸು, ಈರುಳ್ಳಿ, ದಪ್ಪ ಮೆಣಸಿನಕಾಯಿ, ಕೊನೆಗೆ ಕೋಸು. ಉಪ್ಪು ಹಾಕಬೇಡ. ಉಪ್ಪು ಬಿದ್ದರೆ ಕೋಸು ನೀರು ಬಿಡುತ್ತದೆ, ಸೋಯಾದಲ್ಲಿ ಉಪ್ಪು ಇದ್ದೇ ಇದೆ. ತರಕಾರಿಯನ್ನು ಬದಿಗೆ ಸರಿಸಿ ನಡುವೆ ಒಂದು ಚಮಚ ಎಣ್ಣೆ ಬಿಟ್ಟು ಶುಂಠಿ, ಬೆಳ್ಳುಳ್ಳಿ ಹಾಕು. ಒಗ್ಗರಣೆ ಮೊದಲು ಹಾಕಿ ರೂಢಿಯಾದ ನಮಗೆ ಇದು ತಲೆಕೆಳಗು ಅನ್ನಿಸುತ್ತದೆ. ಆದರೆ ಅಷ್ಟು ಉರಿಯಲ್ಲಿ ಬೆಳ್ಳುಳ್ಳಿ ಮೊದಲೇ ಬಿದ್ದರೆ ತರಕಾರಿ ಬೇಯುವಷ್ಟರಲ್ಲಿ ಕರಕಲು. ಘಮ ಬಂತಾ, ಸಾಸು ಸುರಿ. ಕುದಿ ಬಂತಾ, ಬಾಡು, ಅವರೆ ಹಾಕು. ಕಾರ್ನ್‌ಫ್ಲೋರ್ ತಳದಲ್ಲಿ ಕೂತಿರುತ್ತದೆ, ಇನ್ನೊಮ್ಮೆ ಕಲಕಿ ಸ್ವಲ್ಪ ಸ್ವಲ್ಪ ಬಿಡು. ಸಾಸು ತುಂಡಿಗೆ ಹತ್ತಿ ಹೊಳೆಯಲು ಶುರುವಾದ ಕೂಡಲೇ ನಿಲ್ಲಿಸು, ಉಳಿದದ್ದನ್ನು ಎಸೆ. ಆರಿದ ಮೇಲೆ ಅದು ಇನ್ನೂ ಗಟ್ಟಿಯಾಗುತ್ತದೆ. ಒಲೆ ಆರಿಸಿ ವಿನೆಗರ್, ಈರುಳ್ಳಿ ಸೊಪ್ಪು. ವಿನೆಗರ್ ಮುಂಚೆ ಹಾಕಿದರೆ ಆವಿಯ ಜೊತೆ ಹೋಗಿಬಿಡುತ್ತದೆ, ಮೂಗಿಗೆ ಘಾಟು, ನಾಲಿಗೆಗೆ ಏನೂ ಇಲ್ಲ. ಈಗ ರುಚಿ ನೋಡಿ ಉಪ್ಪು ಬೇಕಾದರೆ ಹಾಕು.

ಅಡುಗೆಗಿಂತ ಮುಖ್ಯವಾದ ಒಂದು ಮಾತು. ಬರುವವರಲ್ಲಿ ಯಾರು ತಿನ್ನುತ್ತಾರೆ, ಯಾರು ತಿನ್ನುವುದಿಲ್ಲ ಅಂತ ಶುಕ್ರವಾರವೇ ಕೇಳಿಕೋ. ಸಂಕೋಚ ಬೇಡ. ತಿನ್ನದವರಿಗೆ ಇದೇ ತರಕಾರಿ, ಇದೇ ಸಾಸಿನಲ್ಲಿ ರಸದ ಬದಲು ನೀರು ಹಾಕಿ, ಬೇರೆ ಬಾಣಲೆಯಲ್ಲಿ, ಬೇರೆ ಸೌಟಿನಲ್ಲಿ, ಬಾಡು ಮುಟ್ಟುವ ಮೊದಲೇ ಮಾಡಿ ಮುಚ್ಚಿಡು. ಬಾಡು ಕರಿದ ಎಣ್ಣೆಯನ್ನು ಅದಕ್ಕೆ ಬಳಸಬೇಡ. ಬಡಿಸುವಾಗ ಯಾವ ಪಾತ್ರೆಯಲ್ಲಿ ಏನಿದೆ ಅಂತ ಎಲ್ಲರಿಗೂ ಕೇಳುವ ಹಾಗೆ ಹೇಳು. ‘ಮಟನ್ ಅಂದುಕೊಂಡು ತಿಂದ, ಮಜಾ ಬಂತು’ ಅನ್ನುವ ತಮಾಷೆ ನಿನ್ನ ಮನೆಯಲ್ಲಿ ನಡೆಯಬಾರದು. ನಮ್ಮ ತಟ್ಟೆಯನ್ನು ಕಂಡು ಮೂಗು ಮುರಿದವರನ್ನು ನಾವು ನೋಡಿದ್ದೇವೆ, ಹಾಗಂತ ಇನ್ನೊಬ್ಬರ ತಟ್ಟೆಗೆ ಮೋಸ ಮಾಡುವ ಹಕ್ಕು ನಮಗೆ ಬರುವುದಿಲ್ಲ. ಹಾಗೆಯೇ, ಮನೆ ಓನರ್ ಕೇಳಿದರೆ ಕೋಳಿ ಅಂತ ಸುಳ್ಳು ಹೇಳಲು ಹೋಗಬೇಡ. ಅವರೇನೂ ಕೇಳದಿದ್ದರೆ ನೀನಾಗಿ ವರದಿ ಒಪ್ಪಿಸುವ ಅಗತ್ಯವೂ ಇಲ್ಲ. ಅಡುಗೆಮನೆಯ ಕಿಟಕಿ ತೆರೆದಿಡು, ಬ್ಯಾಡಗಿ ಬಾಡಿಸುವಾಗ ಏಳುವ ಘಾಟಿಗೆ ಮಿಕ್ಕ ವಾಸನೆ ಯಾವುದೂ ಗೊತ್ತಾಗುವುದಿಲ್ಲ.

ಇದರ ಜೊತೆಗೆ ಬಿಳಿ ಅನ್ನ ಸಾಕು. ಫ್ರೈಡ್ ರೈಸ್, ನೂಡಲ್ಸ್ ಅಂತ ಇನ್ನೆರಡು ಬಾಣಲೆ ಹಚ್ಚಿಕೊಂಡು ಒದ್ದಾಡಬೇಡ. ಅದರಲ್ಲೂ ಸೋಯಾ, ಇದರಲ್ಲೂ ಸೋಯಾ ಆದರೆ ನಾಲಿಗೆ ದಣಿಯುತ್ತದೆ. ಸೌತೆಕಾಯಿಯನ್ನು ವಿನೆಗರ್, ಉಪ್ಪು, ಸಕ್ಕರೆಯಲ್ಲಿ ಅರ್ಧ ಗಂಟೆ ನೆನೆಸಿ ಪಕ್ಕಕ್ಕಿಡು.

ಕುಕ್ಕರಿನಲ್ಲಿ ರಸ ಉಳಿದೇ ಉಳಿಯುತ್ತದೆ, ಅದನ್ನು ಸಿಂಕಿಗೆ ಸುರಿಯಬೇಡ. ಸೋಮವಾರ ಅದಕ್ಕೆ ಉಳಿದ ಅವರೆ, ಎರಡು ಟೊಮ್ಯಾಟೊ, ಮನೆಯ ಖಾರದ ಪುಡಿ ಹಾಕಿ ಸಾರು ಕುದಿಸಿ ಮುದ್ದೆ ಮಾಡಿಕೋ. ಆ ಸಾರಿಗೆ ಗರಂ ಮಸಾಲೆ ಎಷ್ಟು ಬೇಕಾದರೂ ಹಾಕು, ನಾನು ಕೇಳುವುದಿಲ್ಲ.

ನಿನ್ನ ಚಿಕ್ಕಪ್ಪ